ಲೈಟ್‌ಮನ್ ಕೆಲಸದಿಂದ ಕ್ಯಾಮೆರಾ ವಿಭಾಗಕ್ಕೆ ಹೋಗುವುದು ಹೇಗೆ: ಪ್ರತಿಕ್ರಿಯೆ

ಎಂಟು ವರ್ಷ ಲೈಟ್‌ಮನ್ ಆಗಿ ದುಡಿದರೂ ಯಾವ ಛಾಯಾಗ್ರಾಹಕರೂ ನಿಮ್ಮನ್ನು ಸಹಾಯಕರನ್ನಾಗಿ ಸೇರಿಸಿಕೊಳ್ಳದಿರುವುದಕ್ಕೆ ನೀವು ಶಂಕಿಸಿರುವಂತೆ ಡಿಪ್ಲೊಮಾ ಇಲ್ಲದಿರುವುದು ಮುಖ್ಯ ಕಾರಣವಾಗಿರಲಾರದು. ಲೈಟ್‌ಮನ್‌ಗಳು ಸಾಮಾನ್ಯವಾಗಿ ದೀಪ, ಸಲಕರಣೆಗಳನ್ನು ಬಾಡಿಗೆಗೆ ಕೊಡುವ ಯೂನಿಟ್‌ನ ಕಡೆಯಿಂದ ಬರುತ್ತಾರೆ, ಸಹಾಯಕರನ್ನು ಛಾಯಾಗ್ರಾಹಕರೇ ಆರಿಸಿಕೊಳ್ಳುತ್ತಾರೆ. ಹೀಗಾಗಿ ನಿಮ್ಮ ದೃಶ್ಯಪ್ರಜ್ಞೆಯನ್ನು ಅಳೆಯುವ ಸಂದರ್ಭವೇ ಅವರಿಗೆ ಒದಗಿರಲಿಕ್ಕಿಲ್ಲ.

ಮೊದಲು ಸಣ್ಣ ಚಿತ್ರಗಳಲ್ಲಾದರೂ ಗ್ಯಾಫರ್ (ಬೆಳಕಿನ ತಂಡದ ಮುಖ್ಯಸ್ಥ) ಹೊಣೆಯನ್ನು ಕೇಳಿ ಪಡೆಯಿರಿ, ಏಕೆಂದರೆ ಬೆಳಕಿನ ಯೋಜನೆಯನ್ನು ಛಾಯಾಗ್ರಾಹಕರು ನೇರವಾಗಿ ಚರ್ಚಿಸುವುದು ಗ್ಯಾಫರ್ ಜೊತೆಗೆ. 'ಷಿಂಡ್ಲರ್ಸ್ ಲಿಸ್ಟ್' ಚಿತ್ರದ ಗ್ಯಾಫರ್ ಆಗಿದ್ದ ಮೌರೊ ಫಿಯೋರೆ 2010ರಲ್ಲಿ 'ಅವತಾರ್' ಛಾಯಾಗ್ರಹಣಕ್ಕೆ ಆಸ್ಕರ್ ಪಡೆದರು (ಅವರು ಸಿನಿಮಾ ಓದಿದವರೂ ಹೌದು).

ಜೊತೆಗೆ ಲೈಟ್ ಮೀಟರ್ (ಬೆಳಕು ಅಳೆಯುವ ಸಾಧನ) ಹಿಡಿದು ಲೆಕ್ಕ ಕಲಿಯಿರಿ: ಸಣ್ಣ ದೀಪದ ದೂರ ಇಮ್ಮಡಿಯಾದರೆ ಬೆಳಕು ಕಾಲು ಭಾಗಕ್ಕಿಳಿಯುತ್ತದೆ, ಲೆನ್ಸಿನ ಕಿಂಡಿಯನ್ನು (ಅಪರ್ಚರ್) ಎಫ್ 4ರಿಂದ 2.8ಕ್ಕೆ ತೆರೆದರೆ ಒಳಬರುವ ಬೆಳಕು ಇಮ್ಮಡಿಯಾಗುತ್ತದೆ. ನಮ್ಮ 50 ಹರ್ಟ್ಸ್ ವಿದ್ಯುತ್ತಿನ ಟ್ಯೂಬ್‌ಲೈಟ್ ಕೆಳಗೆ ಸೆಕೆಂಡಿಗೆ 24 ಫ್ರೇಮ್‌ನಲ್ಲಿ ಚಿತ್ರೀಕರಿಸುವಾಗ ಷಟರ್ ಕೋನ (ಪ್ರತಿ ಫ್ರೇಮ್‌ಗೆ ಬೆಳಕು ಬೀಳುವ ಅವಧಿಯ ಅಳತೆ) 172.8 ಡಿಗ್ರಿ ಇದ್ದರೆ ಮಿನುಗು ಬಾರದು. ಬೆಳಕು ನಿಮಗೆ ಗೊತ್ತೇ ಇದೆ, ಕೊರತೆಯಿರುವುದು ಲೆನ್ಸ್ ಮತ್ತು ಚೌಕಟ್ಟಿನ ಅಭ್ಯಾಸದಲ್ಲಿ.

ಆಮೇಲೆ ಒಂದೇ ಕೋಣೆಯನ್ನು ಹಗಲು, ಸಂಜೆ, ರಾತ್ರಿಯಾಗಿ ಬೆಳಗಿಸಿ, ಎರಡು ನಿಮಿಷದ ಷೋರೀಲ್ (ನಿಮ್ಮ ಕೆಲಸದ ಮಾದರಿ ವಿಡಿಯೊ) ಸಿದ್ಧಪಡಿಸಿ. ಅದನ್ನು ಸೆಟ್‌ನ ಗಡಿಬಿಡಿಯಲ್ಲಿ ತೋರಿಸದೆ, ಷೆಡ್ಯೂಲ್ ಮುಗಿದ ಮೇಲೆ ನಿಮ್ಮ ಕೆಲಸ ಬಲ್ಲ ಛಾಯಾಗ್ರಾಹಕರಿಗೇ ಕಳುಹಿಸಿ. ಆರಂಭದಲ್ಲಿ ಸಂಬಳ ಈಗಿನದಕ್ಕಿಂತ ಕಡಿಮೆಯಾಗಬಹುದು, ಆದ್ದರಿಂದ ಒಪ್ಪುವ ಮೊದಲೇ ಮಾತನಾಡಿಕೊಳ್ಳಿ.