ಹಲ್ ಕಾಲು ಒಳಗಿತ್ತು, ಗೋಲೂ ಸಿಕ್ಕಿತು

ಉತ್ತರ ಅಮೆರಿಕದ ಐಸ್ ಹಾಕಿ ಲೀಗ್ ಎನ್‌ಎಚ್‌ಎಲ್‌ನ 1999ರ ಸ್ಟಾನ್ಲಿ ಕಪ್ ಫೈನಲ್‌ನ ಆರನೇ ಪಂದ್ಯದಲ್ಲಿ, ಬಫಲೋ ವಿರುದ್ಧ ಡಲ್ಲಾಸ್ ತಂಡದ ಬ್ರೆಟ್ ಹಲ್ ಹೊಡೆದ ಗೋಲನ್ನು ಏಕೆ ರದ್ದು ಮಾಡಲಿಲ್ಲ ಎಂದು ಕೇಳಿದ್ದೀರಿ. ನಿಮ್ಮ ಕಣ್ಣು ಮೋಸ ಮಾಡಿಲ್ಲ. ಅವನ ಎಡಗಾಲಿನ ಸ್ಕೇಟ್ ಗೋಲ್‌ಕೀಪರ್‌ನ ಮುಂದಿನ ನೀಲಿ ಅಂಗಳದೊಳಗೇ ಇತ್ತು. ಪಕ್‌ಗಿಂತ (ಚೆಂಡಿನ ಬದಲು ಆಡುವ ರಬ್ಬರ್ ಬಿಲ್ಲೆ) ಮೊದಲು ದಾಳಿಗಾರ ಅಲ್ಲಿ ಕಾಲಿಡಬಾರದು ಎಂಬುದು ಆಗಿನ ನಿಯಮ. ಆದರೆ ಬಫಲೋ ಗೋಲ್‌ಕೀಪರ್ ಹಾಶೆಕ್ ತಡೆದ ಪಕ್ಕನ್ನು ಹಲ್ ಕಾಲಿನಿಂದಲೇ ತನ್ನ ಕೋಲಿನತ್ತ ತಳ್ಳಿಕೊಂಡು ಹೊಡೆದ. ಅಷ್ಟೂ ಹೊತ್ತು ಪಕ್ ಅವನ ಹಿಡಿತದಲ್ಲಿತ್ತು, ಆದ್ದರಿಂದ ತಪ್ಪಿಲ್ಲ ಎಂದಿತು ಎನ್‌ಎಚ್‌ಎಲ್. ಕಾಗದದ ಮೇಲೆ ಸರಿಯೇ. ಆದರೆ ಕಾಲ್ಬೆರಳು ತಾಗಿದ್ದಕ್ಕೂ ಗೋಲು ಅಳಿಸುತ್ತಿದ್ದ ಕಾಲವದು! ಮೂರನೇ ಹೆಚ್ಚುವರಿ ಅವಧಿಯ ಆ ಒಂದೇ ಹೊಡೆತಕ್ಕೆ ಡಲ್ಲಾಸ್ 2-1ರಿಂದ ಗೆದ್ದು, ಬಫಲೋದವರ ತವರಿನ ಮಂಜಿನ ಅಂಕಣದಲ್ಲೇ ಕಪ್ ಎತ್ತಿತು. ಮುಂದಿನ ಋತುವಿಗೆ ಆ ನಿಯಮವನ್ನೇ ಕೈಬಿಟ್ಟರು. ಬಫಲೋದವರಿಗೆ ಇನ್ನೂ ಹೊಟ್ಟೆಯುರಿಯುವುದು ಇದಕ್ಕೇ.