ಸರ್ಫೇಸಿ ನೋಟಿಸ್ ಬಂದಿದೆ, ಕೋರ್ಟಿಗೆ ಹೋದರೆ ಬಡ್ಡಿ ಬಿಡಿಸಬಹುದೇ?

ಮಂಡ್ಯದಲ್ಲಿ ಮನೆ ಅಡವಿಟ್ಟು ಆಲೆಮನೆಗೆ ಮಾಡಿದ ಸಾಲ ಸುಸ್ತಿಯಾಗಿದೆ ಅಂದಿರಿ. ಸರ್ಫೇಸಿ ಎಂದರೆ ಅಡವಿಟ್ಟ ಆಸ್ತಿಯನ್ನು ಬ್ಯಾಂಕ್ ಕೋರ್ಟಿಗೆ ಹೋಗದೆಯೇ ವಶಕ್ಕೆ ಪಡೆದು ಮಾರಲು ಬಿಡುವ ಕಾಯ್ದೆ. ಬಡ್ಡಿ ಬಿಡಿಸುವ ಆಸೆ ಬೇಡ. ಏಕಕಾಲದ ತೀರುವಳಿ (ರಿಯಾಯಿತಿಯಲ್ಲಿ ಸಾಲ ಚುಕ್ತಾ ಮಾಡುವ ಅವಕಾಶ) ಕೊಡಲೇಬೇಕೆಂದು ಹೈಕೋರ್ಟ್ ಬ್ಯಾಂಕಿಗೆ ಆದೇಶಿಸುವಂತಿಲ್ಲ ಎಂದು ಸುಪ್ರೀಂ ಕೋರ್ಟ್ 2021ರಲ್ಲೇ ಹೇಳಿದೆ.

ಮೊದಲು ನೋಟಿಸ್ ಯಾವುದು ನೋಡಿ. ಕಾಯ್ದೆಯ ಸೆಕ್ಷನ್ 13(2)ರ ನೋಟಿಸ್ ಆದರೆ ಬಾಕಿ ಕಟ್ಟಲು 60 ದಿನ ಗಡುವು. ಲಿಖಿತ ಆಕ್ಷೇಪಣೆ ಕೊಟ್ಟರೆ ಬ್ಯಾಂಕ್ 15 ದಿನದಲ್ಲಿ ಉತ್ತರಿಸಬೇಕು. ಇದನ್ನೇ ಬಹಳ ಜನ ಬಿಟ್ಟುಬಿಡುತ್ತಾರೆ. ಸ್ವಾಧೀನದ ಕ್ರಮ ಶುರುವಾಗಿದ್ದರೆ 45 ದಿನದೊಳಗೆ ಬೆಂಗಳೂರಿನ ಸಾಲ ವಸೂಲಾತಿ ನ್ಯಾಯಮಂಡಳಿಗೇ ಹೋಗಬೇಕು. ತಡೆಯಾಜ್ಞೆ ಸಿಕ್ಕರೂ ಸಾಮಾನ್ಯವಾಗಿ ಒಂದಿಷ್ಟು ಹಣ ಕಟ್ಟಿ ಅನ್ನುತ್ತಾರೆ. (ಅಡವಿಟ್ಟಿದ್ದು ಗದ್ದೆಯಾಗಿದ್ದರೆ ಕಥೆಯೇ ಬೇರೆ, ಕೃಷಿ ಜಮೀನಿಗೆ ಈ ಕಾಯ್ದೆ ಅನ್ವಯಿಸದು.)

ಚೌಕಾಸಿಗೆ ಲೋಕ ಅದಾಲತ್ತೇ ವಾಸಿ, ಕೋರ್ಟ್ ಶುಲ್ಕವಿಲ್ಲ. ಆದರೆ ಅಲ್ಲಿ ರಾಜಿಯಾದರೆ ಮೇಲ್ಮನವಿಯೂ ಇಲ್ಲ. ಕಂತು ಕಟ್ಟಲಾದೀತೇ ಎಂದು ಲೆಕ್ಕ ಹಾಕಿಯೇ ಸಹಿ ಮಾಡಿ.