ಕನ್ನಡಕ ಹಾಕಿದರೆ ಕಿವಿ ಕೇಳಿಸುತ್ತಾ?

ಪ್ರಶ್ನೆ: ನಮ್ಮಜ್ಜಿಗೆ ಎಂಬತ್ತು ದಾಟಿದೆ. ಏನಾದರೂ ಹೇಳೋಕೆ ಹೋದರೆ "ತಡಿಯಪ್ಪ, ಕನ್ನಡಕ ಹಾಕ್ಕೋತೀನಿ, ನೀನು ಹೇಳೋದು ಕೇಳಿಸ್ತಿಲ್ಲ" ಅಂತಾರೆ. ಮನೆಯವರೆಲ್ಲ ನಗ್ತಾರೆ. ಕನ್ನಡಕಕ್ಕೂ ಕಿವಿಗೂ ಏನಾದ್ರೂ ಸಂಬಂಧ ಇದೆಯಾ?
– ಓದುಗರೊಬ್ಬರು, ಹುಣಸೂರು

ಉತ್ತರ: ಇದೆ. ದಯವಿಟ್ಟು ನಗಬೇಡಿ, ಅಜ್ಜಿ ಹೇಳ್ತಿರೋದು ಸರಿಯಾಗೇ ಇದೆ.

ಮಾತು ಕೇಳೋದು ಕಿವಿಯೊಂದರ ಕೆಲಸ ಅಲ್ಲ. ಎದುರಿಗಿರುವವರ ತುಟಿ ಹೇಗೆ ಆಡುತ್ತಿದೆ ಅಂತ ಕಣ್ಣು ನೋಡುತ್ತಲೇ ಇರುತ್ತದೆ, ಮಿದುಳು ಅದನ್ನೂ ಕಿವಿಗೆ ಬಿದ್ದದ್ದನ್ನೂ ಸೇರಿಸಿ ಒಂದು ತೀರ್ಮಾನಕ್ಕೆ ಬರುತ್ತದೆ, ನಮಗೆ 'ಕೇಳಿಸುವುದು' ಆ ತೀರ್ಮಾನ. ಫೋನಿನಲ್ಲಿ 'ಮೂರು' ಅಂದದ್ದು 'ನೂರು' ಅಂತ ಕೇಳಿಸಿ ಎಡವಟ್ಟಾಗುತ್ತೆ ಅಲ್ವಾ? ಎದುರೆದುರು ಕೂತಾಗ ಹಾಗಾಗುವುದು ಕಡಿಮೆ. 'ಮೂ' ಅನ್ನುವಾಗ ತುಟಿ ಮುಚ್ಚಿ ತೆರೆಯುತ್ತದೆ, 'ನೂ' ಅನ್ನುವಾಗ ಮುಚ್ಚುವುದೇ ಇಲ್ಲ. ಕನ್ನಡಿ ಮುಂದೆ ಹೇಳಿ ನೋಡಿ.

ಇದನ್ನು ಚೆನ್ನಾಗಿ ತೋರಿಸಿಕೊಟ್ಟವರು ಹ್ಯಾರಿ ಮೆಕ್‌ಗರ್ಕ್ ಮತ್ತು ಜಾನ್ ಮೆಕ್‌ಡೊನಾಲ್ಡ್ ಅನ್ನುವ ಬ್ರಿಟನ್ನಿನ ಮನೋವಿಜ್ಞಾನಿಗಳು, 1976ರಲ್ಲಿ. ಒಬ್ಬರು 'ಗ ಗ' ಅನ್ನುತ್ತಿರುವ ಚಿತ್ರಕ್ಕೆ 'ಬ ಬ' ಅನ್ನುವ ಧ್ವನಿ ಜೋಡಿಸಿದರು. ನೋಡಿದ ಹೆಚ್ಚಿನವರಿಗೆ ಕೇಳಿಸಿದ್ದು 'ಡ ಡ'! ಚಿತ್ರದಲ್ಲೂ ಇಲ್ಲದ, ಧ್ವನಿಯಲ್ಲೂ ಇಲ್ಲದ ಅಕ್ಷರ. ತುಟಿ ಮುಚ್ಚಲಿಲ್ಲ, ಹಾಗಾಗಿ ಇದು 'ಬ' ಇರಲಾರದು ಅಂತ ಮಿದುಳು ಲೆಕ್ಕ ಹಾಕಿ, ಎರಡಕ್ಕೂ ಹೊಂದುವ ಇನ್ನೊಂದನ್ನು ಕೇಳಿಸಿಬಿಡುತ್ತದೆ. ಕಣ್ಣು ಮುಚ್ಚಿದರೆ 'ಬ', ತೆರೆದರೆ ಮತ್ತೆ 'ಡ'. ಗುಟ್ಟು ಗೊತ್ತಿದ್ದರೂ ಅಷ್ಟೇ, ನನಗೆ ತುಂಬಾ ಸೋಜಿಗ ಅನ್ನಿಸುವುದು ಇದೇ. 1997ರಲ್ಲಿ ಇನ್ನೊಂದು ಪ್ರಯೋಗ ನಡೆಯಿತು. ಸದ್ದೇ ಇಲ್ಲದೆ ಬರೀ ತುಟಿ ಆಡುವುದನ್ನು ತೋರಿಸಿ ಮಿದುಳನ್ನು ಸ್ಕ್ಯಾನ್ ಮಾಡಿದರೆ, ಕೇಳುವ ಭಾಗವೂ ಚುರುಕಾಗಿತ್ತು.

ಕಿವಿ ಮಂದವಾದಷ್ಟೂ, ಸುತ್ತ ಗಲಾಟೆ ಜಾಸ್ತಿಯಾದಷ್ಟೂ ಕಣ್ಣಿನ ನೆರವು ಜಾಸ್ತಿ ಬೇಕಾಗುತ್ತದೆ. ಅದಕ್ಕೇ ಅಡುಗೆಮನೆಯಿಂದ ಸುಮ್ನೆ ಕೂಗಬೇಡಿ. ಟಿವಿ ಆರಿಸಿ, ಅಜ್ಜಿಯ ಎದುರಿಗೆ ಕೂತು, ಬಾಯಿಗೆ ಕೈ ಅಡ್ಡ ಇಡದೆ ಮಾತಾಡಿ. ಕಿಟಕಿಗೆ ಬೆನ್ನು ಹಾಕಿ ಕೂತರೆ ನಿಮ್ಮ ಮುಖ ಕತ್ತಲಾಗಿ ಅವರಿಗೆ ತುಟಿ ಕಾಣಿಸುವುದಿಲ್ಲ.

ಹಾಗೇ ಒಮ್ಮೆ ಅವರ ಕಿವಿ ಪರೀಕ್ಷೆ ಮಾಡಿಸಿ. ನಿಮಗೆ ಹತ್ತಿರದಲ್ಲೇ, ಮೈಸೂರಿನ ಅಖಿಲ ಭಾರತ ವಾಕ್ ಶ್ರವಣ ಸಂಸ್ಥೆಯಲ್ಲಿ ಮಾಡುತ್ತಾರೆ. ಹೋಗುವಾಗ ಕನ್ನಡಕ ಮರೆಯಬೇಡಿ, ಅಲ್ಲಿನವರು ಹೇಳುವುದೂ ಅಜ್ಜಿಗೆ ಕೇಳಿಸಬೇಕಲ್ಲ.